ದೇಶದ ದನಿಯಾದ ನಟಿ

ಕಪ್ಪು ಬಿಳುಪಿನ ಒಂದು ಚಿತ್ರ. ಹೆಲಿಕಾಪ್ಟರಿನಿಂದ ತೆಗೆದ ಮೊದಲ ದೃಶ್ಯದಲ್ಲಿ ಕ್ಯೂಬಾದ ಕರಾವಳಿ ನಿಧಾನವಾಗಿ ತೆರೆದುಕೊಳ್ಳುತ್ತದೆ. ಇನ್‌ಫ್ರಾರೆಡ್ ಫಿಲ್ಮಿನ ಮಾಯೆಯಿಂದ ಸಮುದ್ರ ಕಡುಗಪ್ಪಾಗಿಯೂ, ತಾಳೆಯ ಗರಿಗಳು ಹಕ್ಕಿಯ ಪುಕ್ಕದಂತೆ ಬೆಳ್ಳಗೂ ಕಾಣುತ್ತವೆ. ಆಗ ಒಂದು ಹೆಣ್ಣುದನಿ ಕೇಳಿಬರುತ್ತದೆ. ಅವಸರವಿಲ್ಲದ, ತಗ್ಗಿದ ದನಿ. ತಾನೇ ಕ್ಯೂಬಾ ಎಂದು ಅದು ಪರಿಚಯ ಹೇಳಿಕೊಳ್ಳುತ್ತದೆ. ಕೊಲಂಬಸನ ಹಡಗುಗಳು ತನ್ನ ದಡ ಮುಟ್ಟಿದ್ದನ್ನು ನೆನೆಯುತ್ತದೆ. ತನ್ನ ಸಕ್ಕರೆಯನ್ನು ಹೇರಿಕೊಂಡು ಹೋದವರು ತನಗೆ ಉಳಿಸಿದ್ದು ಕಣ್ಣೀರನ್ನು ಎನ್ನುತ್ತದೆ. ಎರಡು ಗಂಟೆಗೂ ಮೀರಿದ ಆ ಚಿತ್ರದಲ್ಲಿ ನಾಲ್ಕು ಕಥೆಗಳಿವೆ. ಒಂದು ಕಥೆಯಿಂದ ಇನ್ನೊಂದಕ್ಕೆ ನಮ್ಮನ್ನು ಕರೆದೊಯ್ಯುವುದು ಅದೇ ದನಿ. ಆದರೆ ಆ ದನಿಯ ಒಡತಿ ತೆರೆಯ ಮೇಲೆ ಒಮ್ಮೆಯೂ ಕಾಣಿಸಿಕೊಳ್ಳುವುದಿಲ್ಲ.

1964ರಲ್ಲಿ ತೆರೆಕಂಡ ಆ ಚಿತ್ರ ‘ಸೋಯ್ ಕೂಬಾ’, ಅಂದರೆ ‘ನಾನು ಕ್ಯೂಬಾ’. ಆ ದನಿ ರಾಕೆಲ್ ರೆವುಯೆಲ್ತಾ ಅವರದು. ಕ್ಯೂಬಾದ ಜನ ಆಕೆಯನ್ನು ಮೊದಲು ರೇಡಿಯೋದಲ್ಲಿ ಕೇಳಿದ್ದರು. ಆಮೇಲೆ ಟೆಲಿವಿಷನ್ನಿನಲ್ಲಿ ನೋಡಿದ್ದರು. ಕೊನೆಗೆ ಹವಾನಾದ ರಂಗಮಂದಿರಗಳಲ್ಲಿ ದಶಕಗಳ ಕಾಲ ಕಂಡರು. ಸಿನಿಮಾದಲ್ಲಿ ಆಕೆ ಮಾಡಿದ ಪಾತ್ರಗಳು ಕೆಲವೇ. ಆದರೂ ಹೊರಜಗತ್ತಿಗೆ ಆಕೆ ಗೊತ್ತಿರುವುದು ಆ ಕೆಲವೇ ಚಿತ್ರಗಳಿಂದ. ರಂಗಭೂಮಿಗೆ ಬಾಳು ಸವೆಸಿದ ಎಲ್ಲ ನಟ ನಟಿಯರ ಪಾಡು ಇದೇ. ಪರದೆ ಬಿದ್ದ ಮೇಲೆ ಅವರ ದುಡಿಮೆ ನೋಡಿದವರ ನೆನಪಿನಲ್ಲಿ ಮಾತ್ರ ಉಳಿಯುತ್ತದೆ. ನೋಡಿದವರು ಹೋದ ಮೇಲೆ ಅದೂ ಇಲ್ಲ. ಇದನ್ನು ಬಲ್ಲ ರಾಕೆಲ್ ಖ್ಯಾತಿಯ ತುದಿಯಲ್ಲಿದ್ದಾಗಲೇ ರಂಗಭೂಮಿಯನ್ನು ಆರಿಸಿಕೊಂಡರು ಎಂಬುದೇ ಆಕೆಯ ಬಾಳಿನ ವಿಶೇಷ.

ಸೋಪಿನ ಕಂಪನಿಗಳ ಕಾಲ

ರಾಕೆಲ್ ಹುಟ್ಟಿದ್ದು 1925ರ ನವೆಂಬರ್ 14ರಂದು, ಹವಾನಾದಲ್ಲಿ. ತಾಯಿ ಸಿಲ್ವಿಯಾ ಪ್ಲಾನಾಸ್. ಈ ತಾಯಿ ಮುಂದೆ ಮಕ್ಕಳ ಜತೆಗೇ ರಂಗವನ್ನೇರಿದರು. ಕಚೇರಿಗಳ ಕೆಂಪುಪಟ್ಟಿಯನ್ನು ಗೇಲಿ ಮಾಡುವ 1966ರ ‘ಒಬ್ಬ ಅಧಿಕಾರಶಾಹಿಯ ಸಾವು’ ಎಂಬ ಪ್ರಸಿದ್ಧ ಚಿತ್ರದಲ್ಲಿಯೂ ನಟಿಸಿದರು. ತಮ್ಮ ವಿಸೆಂತೆ, ಅಕ್ಕನಿಗಿಂತ ನಾಲ್ಕು ವರ್ಷ ಚಿಕ್ಕವನು, ಕ್ಯೂಬಾದ ಅತಿ ದೊಡ್ಡ ನಾಟಕ ನಿರ್ದೇಶಕರಲ್ಲಿ ಒಬ್ಬರಾದರು. ಹೀಗೆ ಒಂದೇ ಮನೆಯ ಮೂವರು ಒಂದೇ ತಂಡದಲ್ಲಿ ದುಡಿದದ್ದು ಕ್ಯೂಬಾದ ರಂಗಭೂಮಿಯ ಇತಿಹಾಸದಲ್ಲಿ ಒಂದು ಮುಖ್ಯ ಸಂಗತಿ.

ರಾಕೆಲ್ ಬೆಳೆದ ಕಾಲದಲ್ಲಿ ಕ್ಯೂಬಾದ ನಟರಿಗೆ ಅನ್ನ ಕೊಡುತ್ತಿದ್ದುದು ರೇಡಿಯೋ. ಆ ಪುಟ್ಟ ದ್ವೀಪ ರೇಡಿಯೋ ಧಾರಾವಾಹಿಗಳಲ್ಲಿ ಲ್ಯಾಟಿನ್ ಅಮೆರಿಕಕ್ಕೆಲ್ಲ ಗುರುವಾಗಿತ್ತು. 1948ರಲ್ಲಿ ಫೆಲಿಕ್ಸ್ ಬಿ. ಕೈನ್ಯೆತ್ ಬರೆದ ‘ಹುಟ್ಟುವ ಹಕ್ಕು’ ಎಂಬ ಧಾರಾವಾಹಿ ಮುನ್ನೂರಕ್ಕೂ ಹೆಚ್ಚು ಕಂತುಗಳಲ್ಲಿ ಹರಿದು, ಮುಂದೆ ಹಲವು ದೇಶಗಳಲ್ಲಿ ಮರುಹುಟ್ಟು ಪಡೆಯಿತು. ಈ ಧಾರಾವಾಹಿಗಳ ಹಿಂದೆ ಇದ್ದ ಹಣ ಸೋಪಿನ ಕಂಪನಿಗಳದು. ಎರಡು ದೊಡ್ಡ ಸೋಪು ತಯಾರಕರ ಪೈಪೋಟಿಯೇ ಯಾವ ಕಥೆ ಬೇಕು, ಯಾವ ದನಿ ಬೇಕು ಎಂಬುದನ್ನು ನಿರ್ಧರಿಸುತ್ತಿತ್ತು. ಮೈಕಿನ ಮುಂದೆ ನಿಂತ ನಟಿಗೆ ಮುಖವಿಲ್ಲ, ಉಡುಪಿಲ್ಲ, ನಡಿಗೆಯಿಲ್ಲ. ಎಲ್ಲವನ್ನೂ ದನಿಯೊಂದರಲ್ಲೇ ಕಟ್ಟಬೇಕು. ‘ಸೋಯ್ ಕೂಬಾ’ದಲ್ಲಿ ಕೇಳುವ ಆ ಹದವಾದ ದನಿ ಪಳಗಿದ್ದು ಈ ಗರಡಿಯಲ್ಲೇ.

1950ರ ಅಕ್ಟೋಬರಿನಲ್ಲಿ ಕ್ಯೂಬಾಕ್ಕೆ ಟೆಲಿವಿಷನ್ ಬಂದಿತು. ಆ ವಿಷಯದಲ್ಲಿ ಅದು ಲ್ಯಾಟಿನ್ ಅಮೆರಿಕದ ಮೊದಲ ದೇಶಗಳ ಸಾಲಿನಲ್ಲಿತ್ತು. ದನಿಯಿಂದ ಹೆಸರಾಗಿದ್ದ ರಾಕೆಲ್ ಈಗ ಮುಖದಿಂದಲೂ ಮನೆಮಾತಾದರು. ಆಗಿನ ಟೆಲಿವಿಷನ್ ನಾಟಕಗಳು ನೇರ ಪ್ರಸಾರದವು. ನಟಿಸಿದ್ದು ಆ ಗಳಿಗೆಗೇ ಮುಗಿಯಿತು.  1950ರ ದಶಕದ ಮಧ್ಯದಲ್ಲಿ ಮೆಕ್ಸಿಕೊದವರೊಡನೆ ಸೇರಿ ತಯಾರಾದ ‘ಬದುಕಲೆಂದು ಸಾಯುವುದು’ ಮುಂತಾದ ಕಣ್ಣೀರಿನ ಚಿತ್ರಗಳಲ್ಲಿಯೂ ಆಕೆ ನಟಿಸಿದರು. ಹಣವೂ ಹೆಸರೂ ಕೈಗೆ ಬಂದಿದ್ದವು. ಅಲ್ಲಿಯೇ ನಿಂತಿದ್ದರೆ ಆಕೆ ಒಬ್ಬ ತಾರೆಯಾಗಿ ಉಳಿಯುತ್ತಿದ್ದರು.

1958ರ ಆಯ್ಕೆ

ಹವಾನಾದಲ್ಲಿ ಗಂಭೀರ ನಾಟಕದ ಸ್ಥಿತಿ ಆಗ ಶೋಚನೀಯವಾಗಿತ್ತು. 1940ರ ದಶಕದಲ್ಲಿ ಹುಟ್ಟಿದ ಹವ್ಯಾಸಿ ಸಂಘಗಳು ಸದಸ್ಯರಿಗಾಗಿ ತಿಂಗಳಿಗೆ ಒಂದು ಪ್ರದರ್ಶನ ಕೊಡುತ್ತಿದ್ದವು. ಹಲವು ವಾರ ತಾಲೀಮು, ಒಂದೇ ರಾತ್ರಿ ಆಟ, ಅಲ್ಲಿಗೆ ಮುಗಿಯಿತು. 1954ರ ಸುಮಾರಿಗೆ ಚಿಕ್ಕ ಚಿಕ್ಕ ಸಭಾಂಗಣಗಳು ಹುಟ್ಟಿಕೊಂಡು ದಿನವೂ ಪ್ರದರ್ಶನ ನಡೆಯತೊಡಗಿತು. ಸುಧಾರಣೆ ನಿಜ. ಆದರೆ ಟಿಕೇಟಿನ ಹಣದಲ್ಲೇ ಬಾಡಿಗೆ ಕಟ್ಟಬೇಕಾದ್ದರಿಂದ ಜನ ಬರುವ ನಾಟಕಗಳನ್ನೇ ಆಡಬೇಕಾಯಿತು. ನಟರು ಹಗಲಿಡೀ ರೇಡಿಯೋ ಟೆಲಿವಿಷನ್ನುಗಳಲ್ಲಿ ದುಡಿದು ದಣಿದ ಮೇಲೆ ರಂಗಕ್ಕೆ ಬರುತ್ತಿದ್ದರು. ನಟನೆಯನ್ನು ಒಂದು ವಿದ್ಯೆಯೆಂದು ಕ್ರಮವಾಗಿ ಕಲಿಯುವ ಜಾಗ ಎಲ್ಲಿಯೂ ಇರಲಿಲ್ಲ ಎಂದರೂ ಸಲ್ಲುತ್ತದೆ.

ವಿಸೆಂತೆ ಈ ಮಧ್ಯೆ ಯೂರೋಪಿಗೆ ಹೋಗಿ ಬಂದಿದ್ದರು. ಪ್ಯಾರಿಸಿನಲ್ಲಿ ನಾಟಕ ನೋಡಿ, ಸ್ಟಾನಿಸ್ಲಾವ್‌ಸ್ಕಿಯ ನಟನಾಕ್ರಮವನ್ನು ಓದಿ ಮರಳಿದ ಅವರಿಗೆ ಊರಿನ ಈ ಪರಿಸ್ಥಿತಿ ಒಗ್ಗಲಿಲ್ಲ. 1958ರ ಫೆಬ್ರವರಿಯಲ್ಲಿ ಅಕ್ಕ ತಮ್ಮ ಇಬ್ಬರೂ ಸೆರ್ಹಿಯೊ ಕೊರ್ರಿಯೆರಿ, ಎರ್ನೆಸ್ತಿನಾ ಲಿನಾರೆಸ್ ಮುಂತಾದ ಕೆಲವೇ ಗೆಳೆಯರೊಡನೆ ‘ತೆಯಾತ್ರೊ ಎಸ್ತುದಿಯೊ’ ಎಂಬ ತಂಡವನ್ನು ಕಟ್ಟಿದರು. ‘ಅಧ್ಯಯನದ ರಂಗಭೂಮಿ’ ಎಂಬುದು ಆ ಹೆಸರಿನ ಭಾವಾರ್ಥ. ಮೊದಲು ಕಲಿಯಬೇಕು, ಆಮೇಲೆ ಆಡಬೇಕು ಎಂಬ ಸಂಕಲ್ಪ ಹೆಸರಿನಲ್ಲಿಯೇ ಇತ್ತು. ದೇಶದ ತುಂಬ ಹೆಸರಾಗಿದ್ದ ನಟಿಯೊಬ್ಬರು ಮೂವತ್ತೆರಡನೆಯ ವಯಸ್ಸಿನಲ್ಲಿ ಹೊಸಬರ ಜತೆ ನೆಲದ ಮೇಲೆ ಕುಳಿತು ನಟನೆಯ ಮೊದಲ ಪಾಠಗಳಿಗೆ ಮರಳಿದರು.

ಆ ವರ್ಷ ಹವಾನಾ ನೆಮ್ಮದಿಯ ಊರಾಗಿರಲಿಲ್ಲ. ಬಟಿಸ್ಟಾನ ಸರ್ವಾಧಿಕಾರ ತನ್ನ ಕೊನೆಯ ದಿನಗಳನ್ನು ಎಣಿಸುತ್ತಿತ್ತು. ಬೆಟ್ಟಗಳಲ್ಲಿ ಕ್ಯಾಸ್ಟ್ರೋನ ಗೆರಿಲ್ಲಾಗಳಿದ್ದರು, ನಗರದಲ್ಲಿ ಬಾಂಬುಗಳೂ ಪೊಲೀಸರ ಚಿತ್ರಹಿಂಸೆಯೂ ಇದ್ದವು. ಅಂಥ ಅಕ್ಟೋಬರಿನಲ್ಲಿ ತಂಡ ತನ್ನ ಮೊದಲ ನಾಟಕವನ್ನು ಆಡಿತು. ಅದು ಯೂಜಿನ್ ಓನೀಲನ ‘ಲಾಂಗ್ ಡೇಸ್ ಜರ್ನಿ ಇಂಟು ನೈಟ್’. ಒಂದೇ ಮನೆಯೊಳಗೆ, ಒಂದೇ ಹಗಲಿನಲ್ಲಿ, ಒಂದು ಕುಟುಂಬ ತನ್ನ ಗಾಯಗಳನ್ನೆಲ್ಲ ಬಿಚ್ಚುವ ನಾಟಕವದು. ಸ್ಟಾಕ್‌ಹೋಮಿನಲ್ಲಿ ಅದರ ಮೊಟ್ಟಮೊದಲ ಪ್ರದರ್ಶನ ನಡೆದು ಆಗ ಎರಡೂವರೆ ವರ್ಷವಷ್ಟೇ ಆಗಿತ್ತು. ಕೂಗಾಟ, ಕೈಬೀಸುವಿಕೆಗಳಿಲ್ಲದ, ಒಳಗಿನಿಂದ ಹೊಮ್ಮುವ ನಟನೆಯನ್ನು ಹವಾನಾದ ಪ್ರೇಕ್ಷಕರು ಅಲ್ಲಿ ಕಂಡರು. ಕ್ಯೂಬಾದ ಆಧುನಿಕ ರಂಗಭೂಮಿಯ ಚರಿತ್ರೆಕಾರರು ಆ ಪ್ರದರ್ಶನವನ್ನು ಒಂದು ಗಡಿಗಲ್ಲೆಂದು ಎಣಿಸುತ್ತಾರೆ.

ಒಳ್ಳೆಯವಳ ಎರಡು ಮುಖ

1959ರ ಜನವರಿ ಒಂದರಂದು ಬಟಿಸ್ಟಾ ಪಲಾಯನ ಮಾಡಿದ. ಅದೇ ವರ್ಷ ತೆಯಾತ್ರೊ ಎಸ್ತುದಿಯೊ ಬ್ರೆಕ್ಟನ ‘ಸೆಜುವಾನಿನ ಒಳ್ಳೆಯ ಹೆಣ್ಣು’ ನಾಟಕವನ್ನು ಆಡಿತು. ಕ್ಯೂಬಾದ ಪ್ರೇಕ್ಷಕರಿಗೆ ಬ್ರೆಕ್ಟನನ್ನು ಪರಿಚಯಿಸಿದ ಪ್ರಯೋಗ ಅದು. ‘ಸೆಜುವಾನ್ ನಗರದ ಸಾಧ್ವಿ’ ಎಂಬ ಹೆಸರಿನಲ್ಲಿ ಕನ್ನಡ ರಂಗಭೂಮಿಗೂ ಬಂದ ನಾಟಕವಾದ್ದರಿಂದ ಅದರ ಕಥೆ ನಮ್ಮ ಅನೇಕ ರಂಗಾಸಕ್ತರಿಗೆ ಗೊತ್ತು. ಒಬ್ಬ ಒಳ್ಳೆಯ ಮನುಷ್ಯನಾದರೂ ಸಿಕ್ಕಾನೆಯೇ ಎಂದು ಭೂಮಿಗಿಳಿದ ದೇವತೆಗಳಿಗೆ ಆಶ್ರಯ ಕೊಡುವವಳು ಶೆನ್ ಟೆ ಎಂಬ ಬಡ ವೇಶ್ಯೆ. ಅವರು ಕೊಟ್ಟ ಹಣದಿಂದ ಅವಳು ಹೊಗೆಸೊಪ್ಪಿನ ಅಂಗಡಿ ಇಡುತ್ತಾಳೆ. ಅವಳ ಒಳ್ಳೆಯತನವನ್ನೇ ಹೀರಲು ಊರೆಲ್ಲ ಬಂದು ಮುತ್ತುತ್ತದೆ. ಉಳಿಯುವ ದಾರಿ ಕಾಣದೆ ಅವಳು ಗಂಡುವೇಷ ತೊಟ್ಟು, ಶುಯಿ ಟಾ ಎಂಬ ಕಠೋರ ಸೋದರಸಂಬಂಧಿಯಾಗಿ ಬರುತ್ತಾಳೆ.

ಈ ಎರಡು ಮುಖದ ಪಾತ್ರವನ್ನು ವಹಿಸಿದವರು ರಾಕೆಲ್. ಮರುಕ ಹುಟ್ಟಿಸುವ ಹೆಣ್ಣಿನ ಪಾತ್ರಗಳಲ್ಲಿ ಜನ ಮೆಚ್ಚಿದ್ದ ನಟಿ, ಮರುಕವೊಂದರಿಂದಲೇ ಬದುಕು ನಡೆಯದು ಎನ್ನುವ ಪಾತ್ರವನ್ನು ಆರಿಸಿಕೊಂಡದ್ದು ಅರ್ಥಪೂರ್ಣ. ಒಳ್ಳೆಯವಳಾಗಿಯೇ ಉಳಿದು ಬಾಳುವುದು ಸಾಧ್ಯವೇ, ಬಾಳಬೇಕಾದರೆ ಎಷ್ಟು ಕಠಿಣಳಾಗಬೇಕು ಎಂಬ ಆ ನಾಟಕದ ಪ್ರಶ್ನೆ ಮುಂದೆ ಆಕೆಯ ಸ್ವಂತ ಬಾಳಿನಲ್ಲಿಯೂ ಎದುರಾಗಲಿತ್ತು.

ಕ್ರಾಂತಿಯಾದ ಮೇಲೆ ನಟರಿಗೆ ಸರ್ಕಾರದ ಸಂಬಳ ಬಂದಿತು. ಜಾಹೀರಾತುದಾರರ ಹಂಗು ತಪ್ಪಿತು. ತಾಲೀಮಿಗೆ ತಿಂಗಳುಗಟ್ಟಲೆ ಕಾಲ ದೊರೆಯಿತು. ರಾಕೆಲ್ ಬಹುಕಾಲ ತೆಯಾತ್ರೊ ಎಸ್ತುದಿಯೊದ ಮುಖ್ಯಸ್ಥೆಯಾಗಿದ್ದರು. ಹವಾನಾದ ವೆದಾದೊ ಬಡಾವಣೆಯಲ್ಲಿರುವ ಹ್ಯೂಬರ್ಟ್ ದ ಬ್ಲಾಂಕ್ ರಂಗಮಂದಿರ ತಂಡದ ಮನೆಯಾಯಿತು. ಲೋಪೆ ದೆ ವೇಗಾನ ‘ಫುಯೆಂತೆ ಒವೆಹೂನಾ’, ಚೆಕಾಫನ ‘ಮೂವರು ಅಕ್ಕತಂಗಿಯರು’, ಬ್ರೆಕ್ಟನ ‘ಗೆಲಿಲಿಯೋ’ಗಳ ಜತೆಗೆ ಕ್ಯೂಬಾದವರೇ ಬರೆದ ಹೊಸ ನಾಟಕಗಳೂ ತಂಡದ ಪಟ್ಟಿಗೆ ಸೇರಿದವು. 1966ರಲ್ಲಿ ವಿಸೆಂತೆ ನಿರ್ದೇಶಿಸಿದ, ಹೋಸೆ ತ್ರಿಯಾನಾ ಅವರ ‘ಕೊಲೆಗಾರರ ರಾತ್ರಿ’ ಹವಾನಾದ ನಾಟಕೋತ್ಸವದಲ್ಲಿ ಪ್ರಶಸ್ತಿ ಪಡೆದು ಮರುವರ್ಷ ಯೂರೋಪಿನ ಪ್ರವಾಸಕ್ಕೂ ಹೋಯಿತು.

ಲೂಸಿಯಾಳ ಮುಖ

ಕ್ರಾಂತಿಯ ಸರ್ಕಾರ 1959ರ ಮಾರ್ಚಿನಲ್ಲಿಯೇ ಚಲನಚಿತ್ರ ಸಂಸ್ಥೆಯೊಂದನ್ನು ಸ್ಥಾಪಿಸಿತು. ಅದರ ಮೊದಲ ಕಥಾಚಿತ್ರಗಳಲ್ಲಿ ಒಂದಾದ, ಹೂಲಿಯೊ ಗಾರ್ಸಿಯಾ ಎಸ್ಪಿನೋಸಾ ಅವರ ‘ಕ್ಯೂಬಾ ಕುಣಿಯುತ್ತದೆ’ಯಲ್ಲಿ ರಾಕೆಲ್ ಇದ್ದರು. ಮಗಳ ಹದಿನೈದನೆಯ ಹುಟ್ಟುಹಬ್ಬವನ್ನು ಅಂತಸ್ತಿಗೆ ಮೀರಿ ನಡೆಸಲು ಹೆಣಗುವ ಮಧ್ಯಮವರ್ಗದ ಕುಟುಂಬದ ಕಥೆಯದು. ಅನಂತರ ಬಂದದ್ದು ‘ಸೋಯ್ ಕೂಬಾ’. ಸೋವಿಯತ್ ನಿರ್ದೇಶಕ ಮಿಖಾಯಿಲ್ ಕಲಾತೊಜೋವ್, ಛಾಯಾಗ್ರಾಹಕ ಸೆರ್ಗೇಯ್ ಉರುಸೇವ್‌ಸ್ಕಿ, ಕವಿ ಯೆವ್ತುಶೆಂಕೊ ಸೇರಿ ಮಾಡಿದ ಈ ಚಿತ್ರ ಆ ಕಾಲಕ್ಕೆ ಇಬ್ಬರಿಗೂ ಬೇಡವಾಯಿತು. ಇದು ನಮ್ಮ ದೇಶವಲ್ಲ, ಪರದೇಶದವರ ಕನಸು ಎಂದು ಹವಾನಾದವರು ಗೊಣಗಿದರು. ‘ನಾನು ಕ್ಯೂಬಾ ಅಲ್ಲ’ ಎಂಬ ಅಡ್ಡಹೆಸರೂ ಬಿತ್ತು. ಮಾಸ್ಕೋದಲ್ಲಿಯೂ ಅದಕ್ಕೆ ಆದರ ಸಿಗಲಿಲ್ಲ. ಡಬ್ಬಗಳು ಉಗ್ರಾಣ ಸೇರಿದವು. ಸುಮಾರು ಮೂವತ್ತು ವರ್ಷಗಳ ಬಳಿಕ, 1990ರ ದಶಕದಲ್ಲಿ, ಅಮೆರಿಕದ ಚಿತ್ರೋತ್ಸವಗಳಲ್ಲಿ ಅದನ್ನು ಕಂಡವರು ಬೆರಗಾದರು. ಮಾರ್ಟಿನ್ ಸ್ಕೋರ್ಸೆಸೆ ಮತ್ತು ಫ್ರಾನ್ಸಿಸ್ ಫೋರ್ಡ್ ಕೊಪ್ಪೊಲಾ ಅವರ ಹೆಸರಿನ ಬೆಂಬಲದಿಂದ 1995ರಲ್ಲಿ ಅದು ಮತ್ತೆ ತೆರೆಕಂಡಿತು. ಎಪ್ಪತ್ತರ ಹತ್ತಿರ ಬಂದಿದ್ದ ರಾಕೆಲ್ ಅವರ ಯೌವನದ ದನಿಯನ್ನು ಜಗತ್ತು ಆಗ ಮೊದಲ ಬಾರಿಗೆ ಕೇಳಿತು.

ಆಕೆಯ ಮುಖವನ್ನು ಜಗತ್ತಿಗೆ ತೋರಿಸಿದ್ದು 1968ರ ‘ಲೂಸಿಯಾ’. ನಿರ್ದೇಶಕ ಉಂಬೆರ್ತೊ ಸೊಲಾಸ್‌ಗೆ ಆಗ ಇಪ್ಪತ್ತಾರು ವರ್ಷ. ಲೂಸಿಯಾ ಎಂಬ ಒಂದೇ ಹೆಸರಿನ ಮೂವರು ಹೆಣ್ಣುಗಳು, ಮೂರು ಕಾಲಗಳು: ಸ್ಪೇನಿನ ವಿರುದ್ಧ ಸ್ವಾತಂತ್ರ್ಯ ಸಮರ ನಡೆದ 1895, ಮಚಾದೊನ ಸರ್ವಾಧಿಕಾರದ ವಿರುದ್ಧ ದಂಗೆಯೆದ್ದ 1930ರ ದಶಕದ ಆರಂಭ, ಮತ್ತು ಕ್ರಾಂತಿಯ ನಂತರದ 1960ರ ದಶಕ. ಕ್ರಮವಾಗಿ ರಾಕೆಲ್, ಎಸ್ಲಿಂದಾ ನೂನ್ಯೆಸ್, ಅದೇಲಾ ಲೆಗ್ರಾ ಆ ಮೂವರು ಲೂಸಿಯಾರಾದರು.

ರಾಕೆಲ್‌ರ ಲೂಸಿಯಾ ಸಿರಿವಂತ ಮನೆತನದವಳು. ಮದುವೆಯ ವಯಸ್ಸು ಮೀರಿದೆ. ಗೆಳತಿಯರ ಜತೆ ಹೊಲಿಗೆ ಹಾಕುತ್ತಾ, ನಗುತ್ತಾ, ಮನಸ್ಸಿನೊಳಗೆ ಒಣಗುತ್ತಾ ಇದ್ದಾಳೆ. ಅವಳ ತಮ್ಮ ಬೆಟ್ಟಗಳಲ್ಲಿ ಸ್ವಾತಂತ್ರ್ಯ ಯೋಧರ ಜತೆ ಸೇರಿದ್ದಾನೆ. ಆಗ ರಫಾಯೆಲ್ ಎಂಬ ಚೆಲುವ ಬರುತ್ತಾನೆ. ತನಗೆ ರಾಜಕೀಯ ಬೇಡ, ಯಾರ ಪಕ್ಷವೂ ತನ್ನದಲ್ಲ ಎನ್ನುತ್ತಾನೆ. ಅವನಿಗೆ ಸ್ಪೇನಿನಲ್ಲಿ ಹೆಂಡತಿಯಿದ್ದಾಳೆಂದು ತಿಳಿದ ಮೇಲೂ ಲೂಸಿಯಾ ಮನಸ್ಸನ್ನು ಹಿಂತೆಗೆಯಲಾರಳು. ಬೀದಿಯಲ್ಲಿ ಅಲೆಯುವ ಹುಚ್ಚಿಯೊಬ್ಬಳು, ಯುದ್ಧಭೂಮಿಯಲ್ಲಿ ಸೈನಿಕರ ಅತ್ಯಾಚಾರಕ್ಕೆ ತುತ್ತಾದ ಸನ್ಯಾಸಿನಿ, ಅವಳನ್ನು ತಡೆಯಲು ಬರುತ್ತಾಳೆ. ಲೂಸಿಯಾ ಕೇಳುವುದಿಲ್ಲ. ತಮ್ಮ ಅಡಗಿರುವ ಕಾಫಿ ತೋಟಕ್ಕೆ ಪ್ರಿಯಕರನನ್ನು ತಾನೇ ಕರೆದೊಯ್ಯುತ್ತಾಳೆ. ಹಿಂದೆಯೇ ಸ್ಪೇನಿನ ಕುದುರೆ ಪಡೆ ನುಗ್ಗುತ್ತದೆ. ತಮ್ಮ ಸಾಯುತ್ತಾನೆ. ಕೊನೆಗೆ ಊರ ಚೌಕದಲ್ಲಿ, ಜನರ ನಡುವೆ, ಕಪ್ಪುಡುಗೆಯ ಲೂಸಿಯಾ ರಫಾಯೆಲ್‌ನನ್ನು ಚೂರಿಯಿಂದ ಇರಿಯುತ್ತಾಳೆ.

ಸುಮಾರು ಒಂದು ಗಂಟೆಯ ಈ ಭಾಗದಲ್ಲಿ ರಾಕೆಲ್ ತಮ್ಮ ಬದುಕಿನ ಅಷ್ಟೂ ವಿದ್ಯೆಗಳನ್ನು ಬಳಸಿದರೆನ್ನಬಹುದು. ಆರಂಭದ ಸಂಕೋಚದ ನಗುವಿನಲ್ಲಿ ಹಳೆಯ ಧಾರಾವಾಹಿಯ ನಾಯಕಿಯಿದ್ದಾಳೆ. ಪ್ರೇಮದ ಸುದ್ದಿ ಮುಚ್ಚಿಡಲಾಗದೆ ಕಾಣುವ ಮುಖದಲ್ಲಿ ಒಳಗಿನಿಂದ ಮಿಡಿಯುವ ಹೊಸ ನಟನೆಯಿದೆ. ಕೊನೆಯ ಚೌಕದ ದೃಶ್ಯದಲ್ಲಿ ಗ್ರೀಕ್ ದುರಂತದ ನಾಯಕಿಯ ಬಿರುಸಿದೆ. ನಲವತ್ತೆರಡು ದಾಟಿದ ಮುಖವನ್ನು ಹರೆಯದ್ದೆಂದು ತೋರಿಸುವ ಯತ್ನ ಎಲ್ಲಿಯೂ ಇಲ್ಲ. ವಯಸ್ಸೇ ಆ ಪಾತ್ರದ ದುಃಖ. 1969ರಲ್ಲಿ ಮಾಸ್ಕೋ ಚಿತ್ರೋತ್ಸವದಲ್ಲಿ ‘ಲೂಸಿಯಾ’ ಚಿನ್ನದ ಬಹುಮಾನ ಪಡೆಯಿತು.

ಇನ್ನೊಂದು ಮಾತು ಗಮನಾರ್ಹ. ಅದೇ 1968ರಲ್ಲಿ ಬಂದ ಕ್ಯೂಬಾದ ಮತ್ತೊಂದು ಮಹತ್ವದ ಚಿತ್ರ ‘ಮೆಮರೀಸ್ ಆಫ್ ಅಂಡರ್‌ಡೆವಲಪ್‌ಮೆಂಟ್’. ಅದರ ನಾಯಕ ಸೆರ್ಹಿಯೊ ಕೊರ್ರಿಯೆರಿ, ತೆಯಾತ್ರೊ ಎಸ್ತುದಿಯೊವನ್ನು ಕಟ್ಟಿದವರಲ್ಲಿ ಒಬ್ಬರು. ಹತ್ತು ವರ್ಷ ಹಿಂದೆ ಕೆಲವೇ ಮಂದಿ ಸೇರಿ ಆರಂಭಿಸಿದ ಅಭ್ಯಾಸದ ಫಲವನ್ನು ಸಿನಿಮಾ ಉಂಡಿತು ಎಂದರೆ ತಪ್ಪಾಗದು.

ಬೂದು ಬಣ್ಣದ ವರ್ಷಗಳು

ಆದರೆ ರಂಗಭೂಮಿಗೆ ಮುಂದಿನ ಕಾಲ ಕಠಿಣವಾಯಿತು. 1971ರ ಏಪ್ರಿಲ್‌ನಲ್ಲಿ ನಡೆದ ಶಿಕ್ಷಣ ಮತ್ತು ಸಂಸ್ಕೃತಿ ಸಮ್ಮೇಳನದ ನಂತರ ಸರ್ಕಾರ ಕಲಾವಿದರ ನಡತೆಯನ್ನೂ ವಿಚಾರಗಳನ್ನೂ ಅಳೆಯತೊಡಗಿತು. ನಿಗದಿಪಡಿಸಿದ ಅಳತೆಗೆ ಹೊಂದದವರನ್ನು, ಮುಖ್ಯವಾಗಿ ಸಲಿಂಗಕಾಮಿಗಳೆನ್ನಿಸಿಕೊಂಡವರನ್ನು, ರಂಗದಿಂದ ಹೊರಹಾಕಿ ಬೇರೆ ಕೆಲಸಗಳಿಗೆ ತಳ್ಳಲಾಯಿತು. ದೇಶದ ಹಿರಿಯ ನಾಟಕಕಾರ ವಿರ್ಹಿಲಿಯೊ ಪಿನ್ಯೇರಾ 1979ರಲ್ಲಿ ತೀರಿಕೊಳ್ಳುವವರೆಗೆ ಅವರ ನಾಟಕಗಳು ರಂಗಕ್ಕೆ ಬರಲಿಲ್ಲ. ವಿಮರ್ಶಕ ಅಂಬ್ರೋಸಿಯೊ ಫೋರ್ನೆತ್ ಈ ಅವಧಿಗೆ ಮುಂದೆ ‘ಬೂದು ಬಣ್ಣದ ಐದು ವರ್ಷ’ ಎಂದು ಹೆಸರಿಟ್ಟರು. ಐದಲ್ಲ, ಇನ್ನೂ ಹೆಚ್ಚು ಎಂದು ನೊಂದವರು ತಿದ್ದಿದರು.

ರಾಕೆಲ್ ಕ್ರಾಂತಿಯ ಪರವಾಗಿದ್ದವರು. ಕೊನೆಯವರೆಗೂ ಹಾಗೆಯೇ ಉಳಿದರು. ಸರ್ಕಾರ ಗೌರವಿಸಿದ, ಸರ್ಕಾರಕ್ಕೆ ನಿಷ್ಠೆ ತೋರಿದ ಕಲಾವಿದೆ ಆಕೆ. ಆ ನಿಷ್ಠೆಯೇ ತಂಡಕ್ಕೆ ನೆರಳಾಗಿತ್ತು ಎಂಬುದೂ ನಿಜ. ಅಂಥ ನೆರಳು ಇಲ್ಲದ ತಂಡಗಳು ಚದುರಿಹೋದವು ಎಂಬುದೂ ನಿಜ. ಬೊಂಬೆಯಾಟದ ರಾಷ್ಟ್ರೀಯ ತಂಡವನ್ನು ಕಟ್ಟಿದ ಕಮೇಹೊ ಒಡಹುಟ್ಟಿದವರು ತಮ್ಮ ತಂಡವನ್ನು ಕಳೆದುಕೊಂಡರು. ತೆಯಾತ್ರೊ ಎಸ್ತುದಿಯೊ ಮಾತ್ರ ಬಾಗಿಲು ಮುಚ್ಚಲಿಲ್ಲ. ಬೆರ್ತಾ ಮಾರ್ತಿನೆಸ್, ಅಬೆಲಾರ್ದೊ ಎಸ್ತೊರಿನೊ ಅವರಂಥ ನಿರ್ದೇಶಕರು ಅಲ್ಲಿ ದುಡಿದರು. ಅಧಿಕಾರದ ಹತ್ತಿರ ಇದ್ದು ತಂಡವನ್ನು ಉಳಿಸುವುದು ಒಳ್ಳೆಯತನವೋ, ಹೊಂದಾಣಿಕೆಯೋ? ಶೆನ್ ಟೆ ಮತ್ತು ಶುಯಿ ಟಾ ಇಬ್ಬರನ್ನೂ ಆಡಿದ ನಟಿಯ ಮುಂದೆ ಬ್ರೆಕ್ಟನ ಪ್ರಶ್ನೆ ಬೇರೆ ವೇಷದಲ್ಲಿ ಬಂದು ನಿಂತಿತ್ತು. ಬ್ರೆಕ್ಟ್ ತನ್ನ ನಾಟಕದಲ್ಲಿ ಅದಕ್ಕೆ ಉತ್ತರ ಕೊಡಲಿಲ್ಲ; ಪ್ರೇಕ್ಷಕರಿಗೇ ಬಿಟ್ಟ.

1980ರ ದಶಕದಲ್ಲಿ ಸೊಲಾಸ್ ಮತ್ತೆರಡು ಬಾರಿ ರಾಕೆಲ್‌ರನ್ನು ಕರೆದರು. ಹತ್ತೊಂಬತ್ತನೆಯ ಶತಮಾನದ ಪ್ರಸಿದ್ಧ ಕಾದಂಬರಿಯನ್ನು ಆಧರಿಸಿದ ‘ಸೆಸಿಲಿಯಾ’ದಲ್ಲಿ ಆಕೆ ಗುಲಾಮರ ದುಡಿಮೆಯಿಂದ ಸಿರಿವಂತರಾದ ಮನೆತನದ ಒಡತಿ. 1982ರ ಕಾನ್ ಚಿತ್ರೋತ್ಸವದ ಸ್ಪರ್ಧೆಗೆ ಹೋದರೂ, ಚಿತ್ರಸಂಸ್ಥೆಯ ಹಣವನ್ನೆಲ್ಲ ನುಂಗಿತೆಂಬ ಟೀಕೆಯಲ್ಲಿ ಆ ಚಿತ್ರ ಮುಳುಗಿತು. 1986ರ ‘ಯಶಸ್ವಿ ಮನುಷ್ಯ’ ಆಕೆಯ ಇನ್ನೊಂದು ಚಿತ್ರ. ಕಾಲಕ್ಕೆ ತಕ್ಕಂತೆ ಬಣ್ಣ ಬದಲಿಸಿ ಮೇಲೇರುವ ರಾಜಕಾರಣಿಯ ಕಥೆಯದು.

ಉಳಿದದ್ದು

1989ರಲ್ಲಿ ಕ್ಯೂಬಾದ ರಂಗಕಲೆಗಳಿಗಾಗಿ ರಾಷ್ಟ್ರೀಯ ಮಂಡಳಿ ಸ್ಥಾಪನೆಯಾಯಿತು. ರಾಕೆಲ್ ಅದರ ಅಧ್ಯಕ್ಷೆಯಾದರು. ನಟರು ದೊಡ್ಡ ತಂಡಗಳಿಂದ ಹೊರಬಂದು ತಮ್ಮದೇ ಚಿಕ್ಕ ತಂಡಗಳನ್ನು ಕಟ್ಟಿಕೊಳ್ಳಲು ಆಗಿನ ಹೊಸ ವ್ಯವಸ್ಥೆ ಅವಕಾಶ ಕೊಟ್ಟಿತು. ಯುವಕರಿಗೆ ಅದು ಬಿಡುಗಡೆ. ಆದರೆ ಅದೇ ಗಾಳಿಗೆ ತೆಯಾತ್ರೊ ಎಸ್ತುದಿಯೊ ಕೂಡ ಒಡೆಯಿತು. 1990ರ ದಶಕದ ಆರಂಭದಲ್ಲಿ ಹ್ಯೂಬರ್ಟ್ ದ ಬ್ಲಾಂಕ್ ರಂಗಮಂದಿರದ ಹೆಸರಿನಲ್ಲಿ ಬೇರೆ ತಂಡ ಹುಟ್ಟಿತು. ಸೋವಿಯತ್ ಒಕ್ಕೂಟ ಕುಸಿದು ಕ್ಯೂಬಾದಲ್ಲಿ ಅನ್ನಕ್ಕೂ ವಿದ್ಯುತ್ತಿಗೂ ಬರ ಬಂದ ವರ್ಷಗಳವು. ಹಳೆಯ ಹೆಸರನ್ನು ಹಿಡಿದುಕೊಂಡು ರಾಕೆಲ್ ಕೆಲಸ ಮುಂದುವರಿಸಿದರು. 1999ರಲ್ಲಿ ಆಕೆಗೆ ರಾಷ್ಟ್ರೀಯ ರಂಗಭೂಮಿ ಪ್ರಶಸ್ತಿ ದೊರೆಯಿತು. 2004ರ ಜನವರಿ 24ರಂದು, ಎಪ್ಪತ್ತೆಂಟನೆಯ ವಯಸ್ಸಿನಲ್ಲಿ, ತಾವು ಹುಟ್ಟಿದ ಹವಾನಾದಲ್ಲಿಯೇ ತೀರಿಕೊಂಡರು. ವಿಸೆಂತೆ 2012ರಲ್ಲಿ ಹೋದರು. ವೆದಾದೊ ಬಡಾವಣೆಯಲ್ಲಿ ಈಗ ರಾಕೆಲ್ ಹೆಸರಿನ ಒಂದು ಸಾಂಸ್ಕೃತಿಕ ಕೇಂದ್ರವಿದೆ.

ರೇಡಿಯೋದ ದನಿ ಗಾಳಿಯಲ್ಲಿ ಕರಗಿತು. ನೇರ ಪ್ರಸಾರದ ಟೆಲಿವಿಷನ್ ನಾಟಕಗಳು ಅಂದೇ ಅಳಿದವು. ಶೆನ್ ಟೆಯ ಅಳು, ಶುಯಿ ಟಾನ ಗತ್ತು ಕೆಲವು ಛಾಯಾಚಿತ್ರಗಳಲ್ಲಿ ಉಳಿದಿವೆ. ಇಂದಿನ ಪ್ರೇಕ್ಷಕರ ಪಾಲಿಗೆ ಇರುವುದು ಮುಖವಿಲ್ಲದ ಒಂದು ದನಿ ಮತ್ತು ಬೆರಳೆಣಿಕೆಯ ಚಿತ್ರಗಳು. ಲೆಕ್ಕ ಹಾಕಿದರೆ ನಷ್ಟದ ಬಾಬತ್ತೇ ಹೆಚ್ಚೆನಿಸಬಹುದು.

ಆದರೆ ಕ್ಯೂಬಾದ ನಟನೆಯನ್ನು ಬಲ್ಲವರ ಲೆಕ್ಕ ಬೇರೆ. ತೆಯಾತ್ರೊ ಎಸ್ತುದಿಯೊದಲ್ಲಿ ತಾಲೀಮು ಮಾಡಿದವರು ಆ ದೇಶದ ಸಿನಿಮಾದಲ್ಲಿ, ಟೆಲಿವಿಷನ್ನಿನಲ್ಲಿ, ದೂರದ ಬೆಟ್ಟಗಾಡಿನ ಹಳ್ಳಿಗಳಿಗೆ ಹೋದ ನಾಟಕ ತಂಡಗಳಲ್ಲಿ ಎಲ್ಲೆಲ್ಲಿಯೂ ಹರಡಿಕೊಂಡರು. ಅವರಿಂದ ಕಲಿತವರು ಇಂದಿಗೂ ರಂಗದ ಮೇಲಿದ್ದಾರೆ. 1958ರಲ್ಲಿ ತಾರಾಪಟ್ಟವನ್ನು ಬದಿಗಿಟ್ಟು ಕಲಿಯಲು ಕುಳಿತ ನಟಿಯ ದುಡಿಮೆ ಉಳಿದಿರುವುದು ಅವರಲ್ಲಿ.